ಹೆಸರು ತಿನ್ನುವ ಹಕ್ಕಿ

ಅಣ್ಣನ ಅಂಗಿಯನ್ನು ಗೋಪುರದ ಕಿಂಡಿಗೆ ನೇತುಹಾಕಿದ ದಿನ
ನನಗೆ ಹನ್ನೊಂದು ವರ್ಷ.
ಅಂಗಿಯ ತೂತು ನನ್ನ ಹೆಬ್ಬೆರಳಿಗಿಂತ ಚಿಕ್ಕದು.
ಅಷ್ಟು ಚಿಕ್ಕ ಬಾಗಿಲಿಂದ
ಅಷ್ಟು ಎತ್ತರದ ಅಣ್ಣ ಹೊರಟುಹೋಗಿದ್ದ.

ಮನೆಯಲ್ಲಿ ಗಂಡು ಉಳಿದಿರಲಿಲ್ಲ. ಅಜ್ಜಿ ನನ್ನ ಅಂಗೈಗೆ
ಉಪ್ಪು ಸುರಿದು "ಆಣೆ ಮಾಡು" ಅಂದಳು.
ಮಾಡಿದೆ.
ಸ್ವಾನೇತಿಯ ಈ ಮೂಲೆಯಲ್ಲಿ ಆಣೆ ಗಾಳಿಗೆ ಹೋಗುವ ಮಾತಲ್ಲ;
ಬಾಯಿಂದ ಬೀಳುತ್ತದೆ, ಬೆಚ್ಚಗೆ, ಒದ್ದೆಯಾಗಿ,
ಕಣ್ಣು ಬಿಡದ ಮರಿ.
ನನ್ನದು ಹಕ್ಕಿ.
ಪಕ್ಕದ ಮನೆ ಮುದುಕನದು ಆಮೆ,
ಅದು ಸಾಯದೆ ಅವನೂ ಸಾಯುವಂತಿಲ್ಲ, ಪಾಪ.

ಆಣೆ ಕಾಳು ಮುಟ್ಟುವುದಿಲ್ಲ.
ದಿನಕ್ಕೊಮ್ಮೆ, ಮುಸ್ಸಂಜೆಗೆ,
ಮೂರನೇ ಅಟ್ಟ ಹತ್ತಿ, ಏಣಿ ಮೇಲೆಳೆದುಕೊಂಡು,
ಕೊಕ್ಕಿನ ಹತ್ತಿರ ಬಾಯಿಟ್ಟು ಹಗೆಯ ಹೆಸರು ಹೇಳಬೇಕು:
ಬಿಮುರ್ಜಾ.
ಗುಟುಕು ನುಂಗಿ ಕತ್ತು ಕೊಂಕಿಸುತ್ತಿತ್ತು, ಇನ್ನೊಂದು ಎನ್ನುವಂತೆ.
ಇನ್ನೊಂದಿಲ್ಲ. ನಾಳೆ.

ಮೊದಲ ವರ್ಷ ಆ ಹೆಸರನ್ನು ಉಗುಳಿದೆ.
ಮರುವರ್ಷ ಹಲ್ಲು ಕಚ್ಚಿ.
ಆಮೇಲೆ ಬಾರ್ಲಿ ಕೊಯ್ಲಿನ ದಣಿವಲ್ಲಿ, ಜ್ವರದಲ್ಲಿ,
ಹಿಮ ಕುಸಿದು ದಾರಿ ಮುಚ್ಚಿದ ತಿಂಗಳುಗಳಲ್ಲಿ,
ಬೇರೆ ಯಾರನ್ನೂ ಕರೆಯುವ ಕೆಲಸವಿಲ್ಲದಾಗ
ದಿನಕ್ಕೊಂದು ಬಿಮುರ್ಜಾ.
ಎಂಗುರಿ ಹೊಳೆಯ ಕಲ್ಲಿನ ಹಾಗೆ
ಅದರ ಮೂಲೆಗಳೆಲ್ಲ ಸವೆದವು.
ನಾಲಿಗೆಗೆ ನುಣ್ಣಗಾಯಿತು.
ಇದನ್ನು ಯಾರಿಗೂ ಹೇಳಲಿಲ್ಲ.

ಹದಿಮೂರನೇ ಚಳಿಗಾಲ. ಹೊಳೆಯ ಮೇಲೆ ತಾನಾಗಿ ಕಟ್ಟಿದ
ಮಂಜಿನ ಸೇತುವೆ. ನಡುವೆ ಸಿಕ್ಕ.
ಉಣ್ಣೆ ಟೊಪ್ಪಿ. ಹಿಮ ಕಡಿದು ಅರ್ಧ ಉಳಿದ ಕಿವಿ.
ಹೆಗಲ ಮೇಲೆ ಕುಂಟು ಮೇಕೆ.
ಕೋವಿ ನನ್ನಲ್ಲಿತ್ತು. ಗುರಿ ತಪ್ಪುವವಳಲ್ಲ ನಾನು.
ಅವನು ಮೇಕೆಯನ್ನು ಕೆಳಗಿಳಿಸಿ,
ಗುಂಡು ಅದಕ್ಕೆ ತಗಲದ ಹಾಗೆ
ಎರಡು ಹೆಜ್ಜೆ ಪಕ್ಕಕ್ಕೆ ಸರಿದು ನಿಂತು ಕೇಳಿದ:
"ನಿನ್ನದೂ ದಿನಾ ತಿನ್ನುತ್ತಾ, ತ್ಸಿರು?"

ನನ್ನ ಹೆಸರು.
ಹೆತ್ತವಳೂ ಹಾಗೆ ಕರೆದದ್ದಿಲ್ಲ.
ಒಂದು ಮೂಲೆ ಇರಲಿಲ್ಲ ಅದಕ್ಕೆ, ಒಂದು ಅಂಚಿರಲಿಲ್ಲ.
ನನ್ನಪ್ಪ ಅವನ ಚಿಕ್ಕಪ್ಪನನ್ನು ಕೊಂದಿದ್ದ;
ಅವರ ಲೆಕ್ಕದಲ್ಲಿ ನಮ್ಮ ಮನೆಯ ಕೊನೆಯ ಬಾಕಿ ನಾನು.
ಹಾಗಾದರೆ ಕಣಿವೆಯಾಚೆಯ ಗೋಪುರದಲ್ಲೂ,
ಇದೇ ಮುಸ್ಸಂಜೆಗೆ, ಹದಿಮೂರು ವರ್ಷ...
ಕೋವಿಯ ಕುದುರೆಯ ಮೇಲೆ ಬೆರಳು ಮರಗಟ್ಟಿತ್ತು.
ಚಳಿಗೆ ಎಂದುಕೊಂಡೆ.

"ನಿನ್ನದು ಏನು?" ಅಂದೆ.
"ನರಿ," ಅಂದ. "ಹಲ್ಲೆಲ್ಲ ಉದುರಿದೆ.
ಅಷ್ಟು ಮೆತ್ತಗಿನ ಹೆಸರು ತಿಂದುಕೊಂಡಿದ್ದರೆ
ಇನ್ನೇನಾಗುತ್ತೆ?"
ನಕ್ಕುಬಿಟ್ಟೆ.
ನಗಬಾರದೆಂದು ಯಾರೂ ಆಣೆ ಹಾಕಿಸಿರಲಿಲ್ಲ.

ಆಮೇಲಿನದು ಹೇಳುವುದಿಲ್ಲ.
ಮೇಕೆ ಅಲ್ಲೇ ಇತ್ತು, ಬೇಕಾದರೆ ಅದನ್ನು ಕೇಳಿ.

ಆ ಸಂಜೆಯೂ ಏಣಿ ಹತ್ತಿದೆ. ಹಕ್ಕಿ ಕೊಕ್ಕು ತೆರೆಯಿತು.
ನಾನೂ ಬಾಯಿ ತೆರೆದೆ. ಬರಲಿಲ್ಲ.
ಅಲ್ಲ, ಬಂತು; ಹಲ್ಲಿನವರೆಗೆ ಬಂದು
ನಾಚಿ ಒಳಗೆ ತಿರುಗಿತು.
ಹಕ್ಕಿ ಕಾಯಿತು. ರೆಕ್ಕೆಯಿಂದ ಒಂದು ಪುಕ್ಕ ಉದುರಿತು.

ಕೆಳಗೆ ಒಲೆಯ ಪಕ್ಕ ಅಜ್ಜಿ ಹಿಟ್ಟು ನಾದುತ್ತಿದ್ದಳು.
ಅವಳ ಕಿವಿ ಹದಿಮೂರು ವರ್ಷದಿಂದ ಅಟ್ಟದ ಕಡೆಗೇ.
"ಇವತ್ತು ಹೆಸರು ಕೇಳಿಸಲಿಲ್ಲ."
ಸುಮ್ಮನಿದ್ದೆ.

ನಮ್ಮ ಕಣಿವೆಯಲ್ಲಿ ಹೆಂಗಸು ಬಾಯಿಬಿಟ್ಟು ಹೇಳದ ಹೆಸರು
ಒಂದೇ ಒಂದು.
ತಾತನನ್ನು ನಲವತ್ತು ವರ್ಷ
"ಓ, ಇಲ್ನೋಡಿ" ಎಂದೇ ಕರೆದವಳು ಅಜ್ಜಿ.

ಹಿಟ್ಟಿನೊಳಗೆ ಅವಳ ಕೈ ನಿಂತಿತು.
ಮೇಲೆ ಹಕ್ಕಿ ಹಸಿದು ಕಿರುಚತೊಡಗಿತು.
ಅವಳು ನನ್ನ ಮುಖ ನೋಡಿದಳು,
ಕಿಂಡಿಯ ಅಂಗಿ ನೋಡಿದಳು,
ಆಮೇಲೆ, ತುಂಬ ಹೊತ್ತು,
ಏಣಿಯನ್ನು.